ಸಾಹೇಬರ ಗೋಡೆ ಒರೆಸಿದ ದಿನ

2023ರಲ್ಲಿ ನಾನು ಶಿಕಾಗೋ ಹತ್ತಿರದ ಹಾಫ್‌ಮನ್ ಎಸ್ಟೇಟ್ಸ್‌ನಲ್ಲಿ ಹೋಮ್ ಕೇರ್ ಏಡ್ ಆಗಿದ್ದೆ. ಅಂದರೆ ವಯಸ್ಸಾದವರ ಮನೆಗೆ ಹೋಗಿ ಅಡುಗೆ, ಮಾತ್ರೆ, ಸ್ನಾನ ನೋಡಿಕೊಳ್ಳುವ ಕೆಲಸ. ನಾನು ಓದಿದ್ದು ನಾಲ್ಕನೇ ಇಯತ್ತೆ. ನನ್ನ ಪಾಲಿಗೆ ಬಂದವರು ಲೆವ್ ಎಂಬ ಎಪ್ಪತ್ತೆಂಟು ವರ್ಷದ ರಷ್ಯನ್ ಚಿತ್ರಕಥೆಗಾರರು. ನಮ್ಮ ಗದಗಿನ ರೂಢಿಯಂತೆ ನಾನು ಅವರನ್ನು "ಸಾಹೇಬರ" ಎಂದೇ ಕರೆಯುತ್ತಿದ್ದೆ.

ಅವರ ದೇಶದಲ್ಲಿ ಹಳೆಯ ಸರ್ಕಾರ ಬಿದ್ದು ಎಲ್ಲವೂ ಬದಲಾದ ಕಾಲದಲ್ಲಿ ಸಿನಿಮಾ ಬರೆದವರು ಅವರು. ಆ ಕಾಲದ ಮೇಲೇ ಕೊನೆಯದೊಂದನ್ನು ಬರೆಯುತ್ತಿದ್ದರು. ಒಂದು ದೃಶ್ಯಕ್ಕೆ ಒಂದು ಕಾರ್ಡು, ಗೋಡೆ ತುಂಬ ಅರವತ್ತೆರಡು. ಯಾವುದಕ್ಕೂ ನಂಬರ್ ಇಲ್ಲ, ಬೇರೆ ಪ್ರತಿಯೂ ಇಲ್ಲ.

ಯುಗಾದಿಯ ಹಿಂದಿನ ದಿನ ಅವರ ಮಗಳು ಅವರನ್ನು ಕಣ್ಣಿನ ಡಾಕ್ಟರ ಹತ್ತಿರ ಕರೆದೊಯ್ದಿದ್ದಳು. ಹಬ್ಬದ ಮುಂದೆ ಧೂಳು ಕಂಡರೆ ನನ್ನ ಕೈ ಸುಮ್ಮನಿರದು. ಕಾರ್ಡುಗಳನ್ನೆಲ್ಲ ಬಿಡಿಸಿ ಬುಟ್ಟಿಗೆ ಹಾಕಿ, ಗೋಡೆ ಒರೆಸಿದೆ. ಮತ್ತೆ ಅಂಟಿಸಲು ಬುಟ್ಟಿಗೆ ಕೈ ಹಾಕಿದಾಗಲೇ ತಪ್ಪು ಹೊಳೆದದ್ದು. ಯಾವುದು ಮೊದಲು, ಯಾವುದು ಆಮೇಲೆ? ಎಲ್ಲ ರಷ್ಯನ್ ಅಕ್ಷರ. ಹತ್ತಿರದ ಅರೋರಾ ಊರಿನಲ್ಲಿದ್ದ ನನ್ನ ಮಗಳು ಸವಿತಾಗೆ ಫೋನ್ ಮಾಡಿದೆ.

"ಅವ್ವಾ, ತಗಿಯೂಕಿಂತ ಮೊದ್ಲ ಒಂದ್ ಫೋಟೋನಾದ್ರೂ ತಗೊಂಡಿದ್ದಿಲ್ಲೇನ?"

"ಅಷ್ಟ ಬುದ್ಧಿ ಇದ್ದಿದ್ರ ಮುಟ್ಟತಿದ್ನೇನ?"

ಪ್ರತಿ ಕಾರ್ಡಿನ ಮೂಲೆಯಲ್ಲಿ ಸಣ್ಣ ಚಿತ್ರವಿತ್ತು: ಬೂಟು, ರೈಲು, ಚಹದ ಕೇಟಲಿ. ನಾನು ಚಪಾತಿ ಲಟ್ಟಿಸುವಾಗ ಸಾಹೇಬರು ಅದೇ ಕಥೆಯನ್ನು ನನಗೆ ತಿಳಿಯುವಂಥ ಸರಳ ಇಂಗ್ಲಿಷಿನಲ್ಲಿ ಹೇಳುತ್ತಿದ್ದರು. ಅದನ್ನೇ ನೆನೆಯುತ್ತ ಅಂಟಿಸತೊಡಗಿದೆ. ಕೆಲಸ ಹೋದರೆ ಹೋಗಲಿ, ಎರಡು ವರ್ಷದ ಬರಹ ಹಾಳಾಯಿತೆಂದು ಯಾವ ಬಾಯಿಂದ ಹೇಳಲಿ? ಇಪ್ಪತ್ತು ಕಾರ್ಡು ಮುಗಿಯುವಷ್ಟರಲ್ಲಿ ಕಾರಿನ ಸದ್ದಾಯಿತು.

ಮುಕ್ಕಾಲು ಖಾಲಿ ಗೋಡೆ ನೋಡಿ ಸಾಹೇಬರ ಮುಖ ಸುಣ್ಣದಂತಾಯಿತು. ನನ್ನನ್ನು ಬೈಯಲಿಲ್ಲ. ಕಿಟಕಿ ನೋಡಿದರು, ಬಾಗಿಲ ಹಿಂದೆ ನೋಡಿದರು. "ಯಾರು ಬಂದಿದ್ದರು?" ಎಂದು ಇಂಗ್ಲಿಷಿನಲ್ಲಿ ಪಿಸುಗುಟ್ಟಿದರು.

ಗಾಬರಿಗೆ ನನ್ನ ಬಾಯಿಂದ ಕನ್ನಡವೇ ಬಂತು. "ಯಾರೂ ಬಂದಿಲ್ರಿ ಸಾಹೇಬರ. ನಾನ ತಗದೀನ್ರಿ. ನಾಳೆ ಹಬ್ಬ." ಆಮೇಲೆ ಒರೆಸುವ ಬಟ್ಟೆ ತೋರಿಸಿದೆ.

ಅವರು ಕುರ್ಚಿಯಲ್ಲಿ ಕುಸಿದರು. ನೀರು ಕುಡಿದು ಹೇಳಿದರು: ಹರೆಯದಲ್ಲಿ ಅವರಿಲ್ಲದಾಗ ಪೊಲೀಸರು ಬಂದು ಹೀಗೇ ಗೋಡೆ ಬರಿದು ಮಾಡಿ ಹೋಗಿದ್ದರು. ಹೊತ್ತೊಯ್ದವರಿಗೆ ಕಥೆ ದಕ್ಕಬಾರದೆಂದು ಅಂದಿನಿಂದ ಅವರು ಕಾರ್ಡಿಗೆ ನಂಬರ್ ಹಾಕಲಿಲ್ಲ. ಅವರ ಹೆದರಿಕೆಯ ಮುಂದೆ ನನ್ನದು ಏನೂ ಅಲ್ಲ.

"ಈಗ ಕಥೆ ಹೇಳು," ಎಂದರು. ನಾನು ಹೇಳುತ್ತ ಹೋದೆ, ಅವರು ಅಂಟಿಸುತ್ತ ಹೋದರು. ಒಂದು ಕಡೆ ನಾನು ತಪ್ಪಿದೆ. ಅವರ ಕಥೆಯಲ್ಲಿ ಮಗ ಬರುವುದಿಲ್ಲವೆಂಬ ಕಾಗದ ಬಂದ ಮೇಲೆ ತಾಯಿ ಅವನಿಗೆ ಊಟದ ತಾಟು ಹಾಕುತ್ತಾಳೆ. ನಾನು ತಾಟನ್ನೇ ಮೊದಲು ಹೇಳಿಬಿಟ್ಟಿದ್ದೆ. ಅವರು ತಾಟಿನ ಕಾರ್ಡನ್ನೇ ಮೊದಲು ಅಂಟಿಸಿ, "ಹೀಗೇ ಇರಲಿ," ಎಂದರು.

ಆ ಸಿನಿಮಾ ಕಳೆದ ತಿಂಗಳು ಶಿಕಾಗೋದ ಸಣ್ಣ ಥಿಯೇಟರಿನಲ್ಲಿ ಬಂತು. ತಾಯಿ ತಾಟು ಹಾಕಿದಳು, ಕಾಗದ ಇನ್ನೂ ಬಂದಿರಲಿಲ್ಲ. ಒಂಬತ್ತು ವರ್ಷದ ಮೊಮ್ಮಗಳು ಅನನ್ಯಾ ನನ್ನ ಕೈ ಹಿಡಿದು, "ಅಜ್ಜಿ, ದಟ್ಸ್ ಯುವರ್ ಪ್ಲೇಟ್," ಎಂದಳು. ಆ ಸಂತೋಷ ಹೊಟ್ಟೆಯಲ್ಲಿ ಹಿಡಿಸದೆ ಇಲ್ಲಿನ ಬಾಲಾಜಿ ಗುಡಿಯ ಪ್ರಸಾದದ ಸಾಲಿನಲ್ಲಿ ಕಂಡಕಂಡವರಿಗೆಲ್ಲ ಹೇಳಿದ್ದೇನೆ.

ಹೆದರಿ ಬದುಕಿದವರ ಮನೆಯಲ್ಲಿ ಕೇಳದೆ ಏನನ್ನೂ ಮುಟ್ಟಬಾರದೆಂದು ಆ ಕೆಲಸ ಕಲಿಸಿತು. ಗೋಡೆ ಒರೆಸಿದ ಮರುದಿನದಿಂದ ಅವರ ಮನೆ ಬಾಗಿಲು ತೆರೆಯುವಾಗಲೇ ಕೂಗಿ ಹೇಳತೊಡಗಿದೆ: "ನಾನ ಬಂದೀನ್ರಿ ಸಾಹೇಬರ, ಬ್ಯಾರೆ ಯಾರೂ ಇಲ್ಲ."