ಕೊರಮೀನಿನ ಕೆಂಪು ಮರಿಗಳು

ದೆವ್ವ, ಶಾಪ ಎಂದು ಹೇಳುವವರನ್ನು ಕಂಡರೆ ನಾನು ನಗುತ್ತಿದ್ದೆ. ಈಗ ಅದನ್ನೆಲ್ಲ ನಂಬಿಬಿಟ್ಟಿದ್ದೇನೆ ಎಂದಲ್ಲ. ನಗುವುದನ್ನು ಮಾತ್ರ ಬಿಟ್ಟು ಹತ್ತು ವರ್ಷವಾಯಿತು.

ಆಗ ನಾವು ಹಳೇಬೀಡಿನ ಪಕ್ಕದ ಬಸ್ತಿಹಳ್ಳಿಯಲ್ಲಿದ್ದೆವು. ನನ್ನ ಹೆಂಡತಿ ಗೌರಿ ಅರಸೀಕೆರೆ ಕಡೆಯ ತೆಂಗಿನ ಸೀಮೆಯವಳು. ತಾಯಿ ಇಲ್ಲದ ಕಾರಣ ಚೊಚ್ಚಲ ಹೆರಿಗೆಯೂ ನಮ್ಮ ಮನೆಯಲ್ಲೇ ಆಯಿತು. ಹೆಣ್ಣು ಮಗು. ಅಂದಿನಿಂದ ಗೌರಿಗೆ ಜ್ವರ ಬಿಡಲಿಲ್ಲ. ಡಾಕ್ಟರಿಗಾಗಿ ಬೇಲೂರಿಗೆ ಹೋಗಬೇಕು, ಎತ್ತಿನ ಗಾಡಿಯ ಕುಲುಕಾಟ ಅವಳು ತಡೆಯುವಂತಿರಲಿಲ್ಲ. ಕೊರಮೀನಿನ ಸಾರು ಕುಡಿದರೆ ಮೈಗೆ ಬಲ ಬರುತ್ತದೆ ಎಂದು ಬಾಣಂತನಕ್ಕೆ ಬಂದಿದ್ದ ನನ್ನ ಸೋದರತ್ತೆ ಹೇಳಿದರು.

ಮುಂಗಾರಿನ ಹೊಸ ನೀರು ಬಂದು ಕೆರೆ ಕದಡಿತ್ತು. ಎರಡು ದಿನ ಗಾಳ ಹಾಕಿ ಬರಿಗೈಯಲ್ಲಿ ಬಂದೆ. ಮೂರನೆಯ ದಿನ ಮಧ್ಯಾಹ್ನ ಈಟಿ ಹಿಡಿದು ಹೋದಾಗ ಜೊಂಡಿನ ಪಕ್ಕ ಮೊಳಕಾಲುದ್ದದ ನೀರಿನಲ್ಲಿ ಹಿಡಿ ಕುಂಕುಮ ಚೆಲ್ಲಿದಂತೆ ಕೆಂಪು ಮರಿಗಳ ಗುಂಪು ಕಂಡಿತು. ಕೊರಮೀನು ತನ್ನ ಮರಿಗಳ ಅಡಿಯಲ್ಲೇ ಕಾವಲಿರುತ್ತದೆ, ಬಿಟ್ಟು ಓಡುವುದಿಲ್ಲ. ಅದಕ್ಕೇ ನಮ್ಮೂರಿನಲ್ಲಿ ಮರಿ ಕಾಯುವ ಮೀನನ್ನು ಯಾರೂ ಹೊಡೆಯುತ್ತಿರಲಿಲ್ಲ. ಗೊತ್ತಿದ್ದೂ ಈಟಿ ಹಾಕಿದೆ. ಮೀನನ್ನು ಎತ್ತಿಕೊಂಡ ಮೇಲೂ ಮರಿಗಳು ಚದುರಲಿಲ್ಲ, ನನ್ನ ಕಾಲ ಸುತ್ತ ಸುತ್ತತೊಡಗಿದವು. ನೀರನ್ನು ಒದ್ದು ದಡಕ್ಕೆ ಬಂದೆ.

ಬೇಲೂರು ಸಂತೆಯಿಂದ ಬಂದವರ ಹತ್ತಿರ ಕೊಂಡೆನೆಂದು ಮನೆಯಲ್ಲಿ ಸುಳ್ಳು ಹೇಳಿದೆ. ನಿಜ ಹೇಳಿದ್ದರೆ ಅತ್ತೆ ಒಲೆ ಹಚ್ಚುತ್ತಿರಲಿಲ್ಲ. ಕೆರೆಯ ಹತ್ತಿರ ನನ್ನನ್ನು ಕಂಡವರೂ ಇರಲಿಲ್ಲ.

ಗೌರಿ ಒಂದು ಗುಟುಕು ಕುಡಿದು ಬಟ್ಟಲು ಕೆಳಗಿಟ್ಟಳು. ನನ್ನ ಕಾಲನ್ನೇ ನೋಡಿದಳು.

"ಕೆಂಪು ಮರಿಗಳು ಅಲ್ಲೇ ಸುತ್ತಾಡ್ತಾವೆ. ಅವುನ್ನ ನೋಡ್ಕಳ್ಳೋರು ಯಾರವ್ರೆ? ವಸಿ ಹೋಗಿ ನೋಡ್ಕಂಡು ಬನ್ನಿ."

ಜ್ವರದ ಬಡಬಡಿಕೆ ಎಂದರು ಅತ್ತೆ. ಹೆರಿಗೆಯಾದ ಮೇಲೆ ಗೌರಿ ಕೋಣೆಯ ಹೊಸಲು ದಾಟಿರಲಿಲ್ಲ. ಕೊರಮೀನಿನ ಮರಿ ಕೆಂಪಗಿರುತ್ತದೆ ಎಂಬುದೂ ಅವಳಿಗೆ ತಿಳಿದಿರಲಾರದು. ಹೋಗಿ ಬನ್ನಿ ಎಂದು ಇನ್ನೆರಡು ಸಲ ಕೇಳಿದಳು. ಎದ್ದು ಹೊರಟರೆ ಸುಳ್ಳು ಬಯಲಾಗುತ್ತದೆಂದು ಕೂತೇ ಇದ್ದೆ. ಇದನ್ನು ಬರೆಯುವಾಗ ಈಗಲೂ ನಾಚಿಕೆಯಾಗುತ್ತದೆ. ಮರುದಿನ ಬೆಳಿಗ್ಗೆ ಅವಳು ತೀರಿಕೊಂಡಳು.

ಮಣ್ಣು ಮಾಡಿ ಬಂದವನು ಕೈಕಾಲು ತೊಳೆಯಲು ಕೆರೆಗಿಳಿದೆ. ಆ ಜೊಂಡು ಇದ್ದದ್ದು ಆಚೆ ದಡದಲ್ಲಿ. ಆದರೂ ಕೆಂಪು ಮರಿಗಳು ಬಂದವು. ಏಳೋ ಎಂಟೋ ಉಳಿದಿದ್ದವು. ನನ್ನ ಕಾಲ ಸುತ್ತ ಸುತ್ತುತ್ತಲೇ ಇದ್ದವು. ನಾನು ಕದಲದೆ ನಿಂತೆ.

ಅವಳಿಗೆ ಹೇಗೆ ತಿಳಿಯಿತು? ಎಷ್ಟು ಯೋಚಿಸಿದರೂ ನನಗೆ ಬಗೆಹರಿದಿಲ್ಲ. ಅಮ್ಮ ಕೊನೆಗೆ ಏನು ಹೇಳಿದಳು ಎಂದು ಮಗಳು ಆಗಾಗ ಕೇಳುತ್ತಾಳೆ. ನಿನ್ನನ್ನು ಚೆನ್ನಾಗಿ ನೋಡಿಕೊಳ್ಳಲು ಹೇಳಿದಳು ಎನ್ನುತ್ತೇನೆ. ಆ ದಿನ ಗೌರಿ ಮಗುವಿನ ಮಾತನ್ನೇ ಎತ್ತಲಿಲ್ಲ.