ಗುಳ್ಳದ ಅಡಿಯ ನೆರಳು

ಮೂವತ್ತೆರಡು ವರ್ಷ ಮಕ್ಕಳಿಗೆ ಡ್ರಾಯಿಂಗ್ ಕಲಿಸಿದ ನಾನು, ಒಂದು ಬದನೆಕಾಯಿಗೆ ನೆರಳು ಹಾಕುವುದರಲ್ಲಿ ಫೇಲಾಗಿದ್ದೇನೆ. ಫೇಲು ಮಾಡಿದವರು ಜೀವಮಾನದಲ್ಲಿ ಡ್ರಾಯಿಂಗ್ ಪೆನ್ಸಿಲು ಹಿಡಿದವರಲ್ಲ.

ರಿಟೈರಾದ ಮರುವರ್ಷ ನನ್ನ ಬಲಗೈ ನಡುಗಲು ಶುರುವಾಯಿತು. ಚಹಾದ ಕಪ್ಪನ್ನು ಎತ್ತಿದರೆ ಸಾಸರು ಗಂಟೆ ಬಾರಿಸುತ್ತದೆ. ವಾಟರ್ ಕಲರಿನಲ್ಲಿ ಶೇಡಿಂಗ್ ಮಾಡಬೇಕಾದರೆ ಬ್ರಷ್ಷು ಒಂದೇ ಉಸಿರಿನಲ್ಲಿ ಜಾರಬೇಕು. ನನ್ನದು ಹೊಂಡದ ರಸ್ತೆಯಲ್ಲಿ ಹೋಗುವ ಆಟೋದ ಹಾಗೆ ಹೋಗುತ್ತಿತ್ತು. ಬ್ರಷ್ಷುಗಳನ್ನು ತೊಳೆದು, ಒರೆಸಿ, ಕಪಾಟಿನಲ್ಲಿಟ್ಟೆ. "ಟೀಚರ್, ಈಗ ಪೇಂಟಿಂಗ್ ಇಲ್ವಾ?" ಎಂದು ಕೇಳಿದವರಿಗೆಲ್ಲ "ಟೈಮ್ ಎಲ್ಲಿದೆ?" ಎಂದೆ. ನಿಜ ಹೇಳಬೇಕೆಂದರೆ ಟೈಮ್ ಒಂದು ಬಿಟ್ಟು ನನ್ನ ಹತ್ತಿರ ಬೇರೇನೂ ಇರಲಿಲ್ಲ.

ಆಗ ಬಂದವರು ಕಟಪಾಡಿ ಹತ್ತಿರದ ಮಟ್ಟು ಊರಿನ ಗಿರಿಜಕ್ಕ. ಅವರ ಮಗಳು ನನ್ನ ಹಳೆಯ ಸ್ಟೂಡೆಂಟ್. ಆ ಸಲುಗೆಯಿಂದ ಸೀಸನ್ನಿನಲ್ಲಿ ಕಾಪುವಿನ ನಮ್ಮ ಮನೆಗೆ ಗುಳ್ಳ ತಂದು ಕೊಡುತ್ತಾರೆ. ಮಟ್ಟುವಿನ ಗುಳ್ಳ ಎಂದರೆ ಗುಂಡಗಿನ ತಿಳಿಹಸಿರು ಬದನೆ, ಮೈಮೇಲೆ ಬಿಳಿ ಗೀರು, ತೊಟ್ಟಿನಲ್ಲಿ ಸಣ್ಣ ಮುಳ್ಳು. ಊರವರು ಸೇರಿ ಚೀಲಕ್ಕೊಂದು ಲೇಬಲ್ ಮಾಡಿಸಬೇಕೆಂದಿದ್ದರು.

"ಯಾವುದ್ಯಾವುದೋ ಬದನೆಯನ್ನು ನಮ್ಮ ಊರಿನ ಹೆಸರು ಹೇಳಿ ಮಾರುತ್ತಾರೆ ಟೀಚರ್. ನೋಡಿದ ಕೂಡಲೇ ಇದು ಮಟ್ಟುವಿನದ್ದೇ ಅಂತ ಗೊತ್ತಾಗಬೇಕು. ಚೀಲಕ್ಕೂ ಅದೇ ಚಿತ್ರ, ಕಟಪಾಡಿಯ ದೊಡ್ಡ ಬೋರ್ಡಿಗೂ ಅದೇ. ನಿಮಗೆ ಆಗುವುದಿಲ್ಲ ಅಂತಾದರೆ ಈಗಲೇ ಹೇಳಿ, ಬೇರೆ ಜನ ನೋಡುತ್ತೇವೆ."

ಈ "ಆಗುವುದಿಲ್ಲ ಅಂತಾದರೆ" ಎಂಬುದು ನನಗೆ ಚುಚ್ಚಿತು. ಕೈಯನ್ನು ಸೆರಗಿನೊಳಗೆ ಇಟ್ಟುಕೊಂಡೇ "ಆಗುತ್ತದೆ" ಎಂದೆ.

ವಿಚಾರಿಸಲು ಹೋದ ಮಣಿಪಾಲದ ಒಂದು ಡಿಟಿಪಿ ಅಂಗಡಿಯಲ್ಲಿ ರೇಣುಕಾ ಎಂಬಾಕೆ ಕಂಪ್ಯೂಟರಿಗೆ ಕೂರುತ್ತಿದ್ದಳು. ಬಾಗಲಕೋಟೆ ಕಡೆಯವಳು, ಅಪ್ಪ ಅಮ್ಮ ಹಾಸ್ಟೆಲ್ ಕಟ್ಟುವ ಕೆಲಸಕ್ಕೆಂದು ಬಂದು ಇಲ್ಲೇ ನಿಂತವರು. ಬಾಗಿಲಿನ ಅಳತೆಗೆ ದೊಡ್ಡದು ಮಾಡಿದರೂ ಮಸುಕಾಗದ ಚಿತ್ರ ಬೇಕಾದರೆ ಅದು ಕಂಪ್ಯೂಟರಿನಲ್ಲೇ ಗೆರೆ ಎಳೆದು ಬಿಡಿಸುವ ವೆಕ್ಟರ್ ಆಗಬೇಕೆಂದು ಹೇಳಿದವಳು ಅವಳೇ. ಶೇಡಿಂಗ್‌ಗೆ ಗ್ರೇಡಿಯೆಂಟ್ ಮೆಶ್ ಎಂಬ, ನನಗೆ ಹೊಸದಾದ ಟೂಲ್ ಇತ್ತು. ಕಾಯಿಯ ಆಕಾರದೊಳಗೆ ಒಂದು ಕಡೆ ಕ್ಲಿಕ್ ಮಾಡಿದರೆ ಅಡ್ಡ ಒಂದು ಗೆರೆ, ಉದ್ದ ಒಂದು ಗೆರೆ, ಅವು ಕೂಡುವಲ್ಲಿ ಒಂದು ಗಂಟು. ಕಾಪು ಬೀಚಿನಲ್ಲಿ ಒಣಗಲು ಹರಡಿದ ಬಲೆಯೇ ಸರಿ. ಒಂದೊಂದು ಗಂಟಿಗೂ ಒಂದೊಂದು ಬಣ್ಣ ಕೊಟ್ಟರೆ, ಅದು ಪಕ್ಕದ ಗಂಟಿನ ಬಣ್ಣದೊಳಗೆ ತಾನೇ ಕರಗಿ ಹೋಗುತ್ತದೆ.

ನನಗೆ ಅದರಲ್ಲಿ ಹಿಡಿಸಿದ್ದು ಅದರ ತಾಳ್ಮೆ. ಕೈ ನಡುಗಿದರೆ ಸ್ಕ್ರೀನಿನ ಬಾಣವೂ ನಡುಗುತ್ತದೆ. ಆದರೆ ನಾನು ಕ್ಲಿಕ್ ಮಾಡುವ ತನಕ ಬಣ್ಣ ಕಾಯುತ್ತದೆ. ಬ್ರಷ್ಷು ಎಂದೂ ಹೀಗೆ ಕಾದದ್ದಿಲ್ಲ. ಉತ್ಸಾಹದಲ್ಲಿ ಗಂಟಿನ ಮೇಲೆ ಗಂಟು ಹಾಕಿದೆ.

"ಟೀಚರ್, ಸಾಕ್ರೀ," ಎಂದಳು ರೇಣುಕಾ. "ಭಾಳ ಗಂಟ ಹಾಕಿದ್ರ ಕಾಯಿಗೆ ಸುಕ್ಕ ಬೀಳ್ತಾವ. ಮುದುಕಿ ಆಗ್ತದ ಅದು."

"ಯಾರ ಹಾಗೆ?" ಎಂದೆ.

"ನಾ ಏನೂ ಹೇಳಿಲ್ಲ ನೋಡ್ರಿ," ಎಂದು ಅವಳು ಸ್ಕ್ರೀನಿನ ಕಡೆ ತಿರುಗಿದಳು.

ನಾಲ್ಕು ಮಂಗಳವಾರ ಹೋದೆ. ಎಡಗಡೆ ಮೇಲಿನಿಂದ ಬೆಳಕು, ಬಲಗಡೆ ಕೆಳಗೆ ನೆರಳು, ಎಲ್ಲಕ್ಕಿಂತ ಅಡಿಯಲ್ಲಿ ಕಡು ನೆರಳು: ಬ್ಲ್ಯಾಕ್‌ಬೋರ್ಡಿನಲ್ಲಿ ಸಾವಿರ ಸಲ ಬರೆದ ನಿಯಮ. ಪ್ರಿಂಟ್ ತೆಗೆದಾಗ ಕಾಯಿ ಕಾಗದದಿಂದ ಉರುಳಿ ಬೀಳುವ ಹಾಗಿತ್ತು.

ಅದನ್ನು ಹಿಡಿದು ಮಟ್ಟುವಿಗೆ ಹೋದಾಗ ಗಿರಿಜಕ್ಕ ಅಂಗಳದಲ್ಲಿ ಎರಡು ಬುಟ್ಟಿ ಇಟ್ಟುಕೊಂಡು ಕಾಯಿ ಆರಿಸುತ್ತಿದ್ದರು. ಒಂದೊಂದನ್ನೂ ಎತ್ತಿ, ತಿರುಗಿಸಿ, ಅಡಿ ನೋಡಿ, ಒಳ್ಳೆಯದಾದರೆ ಈ ಬುಟ್ಟಿಗೆ, ಅಲ್ಲವಾದರೆ ಆ ಬುಟ್ಟಿಗೆ. ನನ್ನ ಪ್ರಿಂಟನ್ನೂ ಹಾಗೆಯೇ ಎತ್ತಿ ನೋಡಿದರು.

"ಎಂತ ಟೀಚರ್, ಇದು ಅಡಿ ಕೊಳೆತದ್ದು ಅಲ್ವಾ?"

"ಅದು ಶೇಡಿಂಗ್, ಗಿರಿಜಕ್ಕ. ನೆರಳು."

"ನೆರಳೋ ಎಂತದೋ. ಅಡಿ ಕಪ್ಪಾದದ್ದನ್ನು ನಾವು ಚೀಲಕ್ಕೆ ಹಾಕುವುದಿಲ್ಲ ಮಾರಾಯ್ರೆ. ಚೀಲದ ಮೇಲೆ ಹಾಕುವುದು ಹೇಗೆ?"

ನನ್ನ ಬದನೆ ಆ ಬುಟ್ಟಿಗೆ ಬಿತ್ತು. ನಾನೂ ಅದರ ಜೊತೆಗೆ ಬಿದ್ದೆ ಎಂದು ಬೇರೆ ಹೇಳಬೇಕಾಗಿಲ್ಲ.

ಬಸ್ಸಿನಲ್ಲಿ ಕೂತು, ಆರ್ಟ್ ಗೊತ್ತಿಲ್ಲದವರು ಎಂದು ಕಟಪಾಡಿಯ ತನಕ ಸಿಟ್ಟು ಮಾಡಿದೆ. ಅಲ್ಲಿ ಬಸ್ಸು ಬದಲಾಯಿಸುವಾಗ, ಯಾಕೋ ಕಾರ್ಕಳ ನೆನಪಾಯಿತು. ನಾನು ಕಾನ್ವೆಂಟಿನಲ್ಲಿದ್ದಾಗ ಡ್ರಾಯಿಂಗ್ ಸಿಸ್ಟರ್ ನಮ್ಮನ್ನು ಬಂಡೆಯ ಮೇಲಿನ ಗೊಮ್ಮಟನ ಬಳಿಗೆ ಸ್ಕೆಚ್ಚಿಗೆ ಕರೆದುಕೊಂಡು ಹೋಗಿದ್ದರು. "ಗರ್ಲ್ಸ್, ಭುಜದಿಂದ ಮೇಲೆ ಮಾತ್ರ" ಎಂಬುದು ಅವರ ಮೊದಲ ಸೂಚನೆ. ನಾವು ಒಬ್ಬೊಬ್ಬರಾಗಿ ಗದ್ದದ ಅಡಿಗೆ ಪೆನ್ಸಿಲು ಉಜ್ಜಿ ಕಪ್ಪು ಮಾಡಿದೆವು. ಎರಡನೆಯ ಸೂಚನೆ ಆಗ ಬಂತು: "ಲುಕ್ ಅಪ್. ಅಲ್ಲಿ ಕಪ್ಪು ಎಲ್ಲಿದೆ? ಬಿಸಿಲು ಬಂಡೆಗೆ ಬಿದ್ದು ವಾಪಸು ಮೇಲಕ್ಕೆ ಹೋಗುತ್ತದೆ." ನಿಜ, ಗದ್ದದ ಅಡಿಯಲ್ಲಿ ತೆಳ್ಳಗಿನ ಬೆಳಕಿತ್ತು. ಆಮೇಲೆ ನಾನೇ ಟೀಚರ್ ಆದೆ, ಬ್ಲ್ಯಾಕ್‌ಬೋರ್ಡಿಗೆ ಸುಲಭವಾದ ನಿಯಮವನ್ನಷ್ಟೇ ಇಟ್ಟುಕೊಂಡೆ. ಮೇಲೆ ನೋಡುವುದನ್ನು ಬಿಟ್ಟೆ. ಅಡಿ ನೋಡುವುದನ್ನಂತೂ ಶುರುವೇ ಮಾಡಿರಲಿಲ್ಲ.

ಮನೆಗೆ ಬಂದು ಒಂದು ಗುಳ್ಳವನ್ನು ಬಿಸಿಲಿನಲ್ಲಿ ಹೊಯಿಗೆಯ, ಅಂದರೆ ಮರಳಿನ, ಮೇಲಿಟ್ಟು ಬಗ್ಗಿ ನೋಡಿದೆ. ಮಟ್ಟುವಿನ ಗದ್ದೆಯದ್ದೂ ಅಂಥದ್ದೇ ಬೆಳ್ಳಗಿನ ಹೊಯಿಗೆ. ಅಡಿಯಲ್ಲಿ ಕಪ್ಪಿರಲಿಲ್ಲ, ಹಾಲು ಬೆರೆಸಿದಂಥ ಹಸಿರಿತ್ತು.

ಮುಂದಿನ ಮಂಗಳವಾರ ಆರೇ ಆರು ಗಂಟುಗಳ ಬಣ್ಣ ಬದಲಾಯಿಸಿದೆ. ರೇಣುಕಾ ಪ್ರಿಂಟ್ ತೆಗೆದಳು.

ಗಿರಿಜಕ್ಕ ಕೈ ಒರೆಸಿಕೊಂಡು ಕಾಗದ ತೆಗೆದುಕೊಂಡರು. ಅಡಿಯನ್ನು ಬಹಳ ಹೊತ್ತು ನೋಡಿದರು.

"ಇದು ಇವತ್ತು ಕೊಯ್ದದ್ದು," ಎಂದು ಒಳ್ಳೆಯ ಬುಟ್ಟಿಯಲ್ಲಿಟ್ಟರು. ಆಮೇಲೆ ನನ್ನ ಕಡೆ ನೋಡಿ, "ಕೈ ಯಾಕೆ ನಡುಗುವುದು ಟೀಚರ್?" ಎಂದರು.

ಆ ದಿನ ಸೆರಗಿನ ನೆನಪಾಗಿರಲಿಲ್ಲ. "ವಯಸ್ಸಾಯಿತಲ್ಲ," ಎಂದೆ.

ಅವರು ಇನ್ನೊಮ್ಮೆ ಚಿತ್ರದ ಕಡೆ ಕಣ್ಣು ಹಾಯಿಸಿದರು. "ಇದರಲ್ಲಿ ಕಾಣುವುದಿಲ್ಲ," ಎಂದು ಮುಂದಿನ ಕಾಯಿ ಎತ್ತಿಕೊಂಡರು.

ಸಾಸರು ಈಗಲೂ ಗಂಟೆ ಬಾರಿಸುತ್ತದೆ. ಪೇಂಟಿಂಗ್ ಇಲ್ವಾ ಎಂದು ಯಾರಾದರೂ ಕೇಳಿದರೆ, ಕೈ ನಡುಗುತ್ತದೆ, ಈಗ ಬಲೆಯಲ್ಲಿ ಬಿಡಿಸುತ್ತೇನೆ ಎನ್ನುತ್ತೇನೆ. ಅವರಿಗೆ ಅರ್ಥವಾಗುವುದಿಲ್ಲ, ವಿವರಿಸಲು ನಿಲ್ಲುವುದೂ ಇಲ್ಲ. ಮಂಗಳವಾರ ಮಣಿಪಾಲದ ಬಸ್ಸು ಹಿಡಿಯಬೇಕು, ಟೈಮ್ ಎಲ್ಲಿದೆ?