ನಾಟಕಕ್ಕೆ ಬಂದ ಸಾವಿನ ಬಡಿತ

ಮೂರ್ನಾಡಿನ ಸುತ್ತ ಯಾವ ಊರಲ್ಲಿ ನಾಟಕವಾಡಿದರೂ ಹಾಡಿಗೆ ರಾಗ ಕಟ್ಟಿಕೊಡುವವನು ಸಾಂತಪ್ಪನೇ. ಗದ್ದೆ ಕೆಲಸ ಮುಗಿಸಿ, ಕೈಕಾಲು ತೊಳೆದು ಹಾರ್ಮೋನಿಯಂ ಮುಂದೆ ಕೂತರೆ ಎರಡು ದಿನದಲ್ಲಿ ಇಡೀ ನಾಟಕ ಸಿದ್ಧ. ಆದರೆ ಆ ರಾಗಗಳೆಲ್ಲ ಎಲ್ಲೋ ಕೇಳಿದಂತಿರುತ್ತವೆ ಎಂಬುದು ಅವನಿಗೇ ಗೊತ್ತಿತ್ತು. ಕೊಡಗು ಇನ್ನೂ ಬೇರೆ ರಾಜ್ಯವಾಗಿದ್ದ ಆ ವರ್ಷ, ಮದರಾಸಿನ ಸಿನಿಮಾ ಕಂಪನಿಯವರೊಬ್ಬರು ನಾಟಕ ನೋಡಲು ಬರುತ್ತೇನೆಂದು ಕಾಗದ ಬರೆದರು. ಹೊಸದೇನಾದರೂ ಕಿವಿಗೆ ಬಿದ್ದರೆ ಕರೆದುಕೊಂಡು ಹೋಗುತ್ತಾರಂತೆ. ಸಾಂತಪ್ಪನಿಗೆ ಆಗಲೇ ನಲವತ್ತೊಂದು. ಇಂಥ ಇನ್ನೊಂದು ಕಾಗದ ಬರುವುದಿಲ್ಲ.

ನಾಟಕದಲ್ಲಿ ಮುದುಕ ರಾಜ ಸಾಯುವ ದೃಶ್ಯವಿತ್ತು. ಅದಕ್ಕೆ ಊರಿನ ಸಾವಿನ ಬಡಿತವನ್ನೇ ಇಡುವುದೆಂದು ಅವನು ತೀರ್ಮಾನಿಸಿದ. ಮನೆಯಲ್ಲಿ ಸಾವಾದರೆ ಒಂದರ ಹಿಂದೊಂದು ಎರಡು ಗುಂಡು; ಆಮೇಲೆ ಡೋಲು, ಪೆಟ್ಟಿಗೂ ಪೆಟ್ಟಿಗೂ ನಡುವೆ ಉಸಿರು ಕಟ್ಟುವಷ್ಟು ಬಿಡುವು. ಕೇಳಿದ ಪ್ರತಿ ಮನೆಯಿಂದ ಒಬ್ಬರು ಹೊರಡಲೇಬೇಕು.

ಡೋಲು ಬಾರಿಸುವ ಲಿಂಗ ಒಪ್ಪಲಿಲ್ಲ.

“ಹೆಣ ಇಲ್ಲದೆ ಇದನ್ನ ಬಾರಿಸಿದ್ರೆ ಜನ ಯಾರನ್ನ ನೋಡೋಕೆ ಬರಬೇಕು, ಮೇಷ್ಟ್ರೇ?”

“ನಾಟಕ ನೋಡೋಕೆ ಬರಲಿ. ಟಿಕೆಟ್ ತಗೊಂಡು.”

“ಬರ್ತಾರೆ. ಒಂದು ಸಲ ಬರ್ತಾರೆ,” ಎಂದು ಲಿಂಗ ತನ್ನ ಡೋಲನ್ನು ಹೆಗಲಿಗೇರಿಸಿ, ತಿತಿಮತಿಯ ಕಡೆ ಕಾಡಿನ ಕೆಲಸಕ್ಕೆ ಹೊರಟುಹೋದ.

ಸಾಂತಪ್ಪ ನಾಟಕದವರ ಡೋಲನ್ನು ಮನೆಗೆ ತಂದು ತಾನೇ ಅಭ್ಯಾಸಕ್ಕೆ ನಿಂತ. ಎರಡನೆಯ ಗುಂಡಿಗೂ ಮೊದಲ ಪೆಟ್ಟಿಗೂ ನಡುವಿನ ಬಿಡುವು ಸರಿಹೊಂದಬೇಕೆಂದು ಕೋವಿಯನ್ನೂ ಹಾರಿಸಿದ. ಅರ್ಧ ಗಂಟೆಯಲ್ಲಿ ಹನ್ನೊಂದು ಮಂದಿ ದಿಬ್ಬ ಹತ್ತಿ ಬಂದರು. ಎಲ್ಲರಿಗಿಂತ ಮುಂದೆ ನೆರೆಮನೆಯ ನಾಣಯ್ಯ. ಅವನ ಕಣ್ಣು ನೇರ ಒಳಗೆ, ಆರು ತಿಂಗಳಿಂದ ಹಾಸಿಗೆ ಹಿಡಿದಿದ್ದ ಸಾಂತಪ್ಪನ ಅವ್ವ ತಂಗಮ್ಮನ ಕಡೆ ಹೋಯಿತು.

“ಇದ್ದೇನೆ ನಾಣಯ್ಯ, ಇದ್ದೇನೆ. ಬಂದದ್ದು ಬಂದೆ, ಕಾಫಿ ಕುಡ್ಕೊಂಡು ಹೋಗು,” ಎಂದಳು ಮುದುಕಿ.

ಮಾರನೆಯ ದಿನ ಮೂವರು ಬಂದರು. ಅದರಾಚೆ ದಿನ ಯಾರೂ ಇಲ್ಲ. ಇನ್ನು ಅಡ್ಡಿಯಿಲ್ಲ ಎಂದು ಸಾಂತಪ್ಪ ಸಮಾಧಾನಪಟ್ಟ.

“ಇವತ್ತು ಒಬ್ಬರೂ ಬರಲಿಲ್ವಾ ಮಗಾ?” ಒಳಗಿಂದ ಅವ್ವ ಕೇಳಿದಳು. ಈ ಸಲ ದನಿಯಲ್ಲಿ ನಗುವಿರಲಿಲ್ಲ. “ನಾನು ಹೋದಾಗಲೂ ಹೀಗೇ ಆದ್ರೆ?”

“ನಿಂಗೆ ಇನ್ನೂ ಹತ್ತು ವರ್ಷ ಏನೂ ಆಗಲ್ಲ, ಸುಮ್ಮನಿರವ್ವ.”

ಪೆಟ್ಟುಗಳ ನಡುವಿನ ಬಿಡುವು ರಂಗದ ಮೇಲೆ ಉದ್ದವಾಗುತ್ತದೆ ಅನಿಸಿ ಅವನು ಬಡಿತವನ್ನು ಬಿಗಿ ಮಾಡಿದ. ಪ್ರತಿ ನಾಲ್ಕನೆಯ ಪೆಟ್ಟಿನ ಬೆನ್ನಿಗೆ ಒಂದು ಕಿರುಪೆಟ್ಟು ಸೇರಿಸಿದ. ನಾಟಕದ ರಾತ್ರಿ ಮದರಾಸಿನವರು ಕುರ್ಚಿಯ ಅಂಚಿಗೆ ಬಂದು ಕೇಳಿದರು. ಮುಂದಿನ ತಿಂಗಳು ಬಂದುಬಿಡಿ ಎಂದರು. ವಾರವಿಡೀ ಊರಲ್ಲಿ ಡಬ್ಬ ಸಿಕ್ಕವರೆಲ್ಲ ಅದನ್ನೇ ಬಡಿದರು.

ಮದರಾಸಿಗೆ ಹೊರಡಲು ನಾಲ್ಕು ದಿನವಿದ್ದಾಗ, ಒಂದು ಬೆಳಿಗ್ಗೆ ಅವ್ವ ತೀರಿಹೋದಳು. ಸಾಂತಪ್ಪ ಎರಡು ಗುಂಡು ಹಾರಿಸಿ ಡೋಲು ಎತ್ತಿಕೊಂಡ. ದಿಬ್ಬದ ದಾರಿಯಲ್ಲಿ ಯಾರೂ ಕಾಣಲಿಲ್ಲ. ಗದ್ದೆಯಾಚೆ ನಾಣಯ್ಯ ಎತ್ತು ನಿಲ್ಲಿಸಿ ತಲೆಯೆತ್ತಿದ, ಕಿವಿಗೊಟ್ಟ. ಹಳೆಯ ಬಿಡುವು ಹಿಡಿಯಲು ಸಾಂತಪ್ಪ ಹೆಣಗಿದ. ಕೈ ಕೇಳಲಿಲ್ಲ. ನಾಲ್ಕನೆಯ ಪೆಟ್ಟಿನ ಬೆನ್ನಿಗೆ ಕಿರುಪೆಟ್ಟು ತಾನಾಗಿ ಬಿತ್ತು. ನಾಣಯ್ಯ ಮತ್ತೆ ನೇಗಿಲು ಒತ್ತಿದ.

ಸಾಂತಪ್ಪ ಹೆಂಡತಿ ದಮಯಂತಿಯನ್ನು ನಾಣಯ್ಯನ ಬಳಿಗೆ ಓಡಿಸಿದ. ನೀರು ನಿಂತ ಗದ್ದೆಯ ಮೇಲಿಂದ ನಾಣಯ್ಯನ ಮಾತು ಅಂಗಳದವರೆಗೂ ಕೇಳಿಸಿತು: “ಎಂತ ದಮಯಂತಿ, ಸಿನಿಮಾದವರು ಮತ್ತೆ ಬಂದಿದ್ದಾರಾ?”

ಅವಳು ಹೇಳಿದ್ದು ಕೇಳಿಸಲಿಲ್ಲ. ನಾಣಯ್ಯ ಎತ್ತುಗಳನ್ನು ಅಲ್ಲೇ ಬಿಟ್ಟು, ಕೆಸರುಕಾಲಲ್ಲೇ ಬಂದ. ಒಳಗೆ ಹೋಗಿ ನೋಡಿ, ಹೊರಗೆ ಬಂದು ನಿಂತ. ಸಾಂತಪ್ಪ ಇನ್ನೂ ಬಾರಿಸುತ್ತಿದ್ದ.

“ಅದನ್ನ ಕೆಳಗಿಡು,” ಎಂದ ನಾಣಯ್ಯ. “ನೀನು ಬಾರಿಸುವಷ್ಟು ಹೊತ್ತು ಯಾರೂ ಬರುವುದಿಲ್ಲ.”